ಮಾಯ-ಜೋಗಗಳ ನಡುವಣ ವ್ಯಾಪಾರ

ಒಂದು ಲೋಕದ ಸರಕನ್ನು ಇನ್ನೊಂದು ಲೋಕಕ್ಕೆ ಸಾಗಿಸಿ, ಅಲ್ಲಿಯದನ್ನು ಇಲ್ಲಿಗೆ ತಂದು ಮಾರುವ ಯಂತ್ರವೊಂದು ದೊರೆತರೆ ಹೇಗಿದ್ದೀತು? ಕಟ್ಟುಕಥೆಗಾರರು ಈ ಪ್ರಶ್ನೆಯನ್ನು ಪುನಃ ಪುನಃ ಕೇಳಿಕೊಂಡಿರುವರು. ಅವರಲ್ಲಿ ಅಮೇರಿಕದ ಐಸಾಕ್ ಅಸಿಮೋವನು 1972ರಲ್ಲಿ ಪ್ರಕಟಿಸಿದ ‘ದಿ ಗಾಡ್ಸ್ ದೆಮ್‌ಸೆಲ್ವ್ಸ್’ ಎಂಬ ಕಾದಂಬರಿಯು ಕೊಡುವ ಉತ್ತರವು ಬಹಳ ಮೊನಚಾದುದು. ರಸಾಯನ ಶಾಸ್ತ್ರಜ್ಞನೊಬ್ಬನ ಮೇಜಿನ ಮೇಲೆ ಧೂಳು ಹಿಡಿದು ಕುಳಿತಿದ್ದ ಟಂಗ್‌ಸ್ಟನ್ನಿನ ಸೀಸೆಯು ಒಂದು ದಿನ ಮಾರ್ಪಟ್ಟಂತೆ ತೋರುತ್ತದೆ. ಪರೀಕ್ಷಿಸಿ ನೋಡಿದರೆ ಒಳಗಿರುವುದು ಪ್ಲುಟೋನಿಯಮ್ 186. ಈ ಜಗತ್ತಿನ ನಿಯಮಗಳಂತೆ ಇರಲೇ ಕೂಡದ ವಸ್ತು. ಪಕ್ಕದ ಜಗತ್ತಿನವರು ಅದನ್ನು ಇಟ್ಟು ಇದನ್ನು ಕೊಂಡೊಯ್ದಿದ್ದಾರೆ! ಈ ವಿನಿಮಯದಿಂದ ಎರಡು ಕಡೆಯವರಿಗೂ ಶಕ್ತಿಯು ಪುಕ್ಕಟೆಯಾಗಿ ದೊರೆಯತೊಡಗುತ್ತದೆ. ಶಾಸ್ತ್ರಜ್ಞನಿಗೆ ಕೀರ್ತಿ, ಜನಕ್ಕೆ ಸುಖ. ಆದರೆ ಸರಕಿನೊಡನೆ ಆ ಲೋಕದ ನಿಯಮವೂ ಇತ್ತ ಸೋರಿ ಬರುತ್ತಿದೆ, ಹೀಗೆಯೇ ನಡೆದರೆ ಸೂರ್ಯನೇ ಸಿಡಿದುಹೋದಾನು ಎಂದು ಒಬ್ಬ ತರುಣನು ಲೆಕ್ಕ ಹಾಕಿ ತೋರಿಸುತ್ತಾನೆ. ಯಾರೂ ಕಿವಿಗೊಡುವುದಿಲ್ಲ. ಪುಕ್ಕಟೆ ಹಂಚುವ ಸಂತೆಯಲ್ಲಿ ಬೆಲೆ ಕೇಳುವವನನ್ನು ಯಾರು ತಾನೆ ಮೆಚ್ಚುವರು?

ಶಾಸ್ತ್ರದ ಮಾತು ಬೇರೆ. 1957ರಲ್ಲಿ ಹ್ಯೂ ಎವರೆಟ್ ಎಂಬ ವಿದ್ವಾಂಸನು ಜಗತ್ತು ಕ್ಷಣಕ್ಷಣಕ್ಕೂ ಕವಲೊಡೆಯುತ್ತಿರುವುದೆಂಬ ಅರ್ಥ ಬರುವಂತಹ ಸಿದ್ಧಾಂತವೊಂದನ್ನು ಮಂಡಿಸಿದನು. ಅದರಂತೆ ಲೋಕಗಳೇನೋ ಅಸಂಖ್ಯಾತವಾಗಿರಬಹುದು. ಆದರೆ ಒಮ್ಮೆ ಕವಲೊಡೆದವು ಮತ್ತೆ ಒಂದನ್ನೊಂದು ಮುಟ್ಟಲಾರವು. ಅಂದ ಮೇಲೆ ವ್ಯಾಪಾರವೆಲ್ಲಿ ಬಂತು? ಹೀಗೆ ಶಾಸ್ತ್ರವು ಮುಚ್ಚಿದ ಬಾಗಿಲನ್ನು ತುಳುನಾಡಿನವರು ಎಂದೋ ತೆರೆದು, ಯಾವ ಯಂತ್ರದ ಸಹಾಯವೂ ಇಲ್ಲದೆ, ಅಕ್ಕಿ ತೆಂಗಿನಕಾಯಿ ಕೋಳಿ ಹೂವುಗಳ ಲೇವಾದೇವಿಯನ್ನು ತಲೆಮಾರುಗಳಿಂದ ನಡೆಸಿಕೊಂಡು ಬಂದಿರುವರು. ಅಸಿಮೋವನ ತರುಣನು ಕೇಳಿದ ಪ್ರಶ್ನೆಯನ್ನು, ಎಂದರೆ ಇದರ ಬೆಲೆಯನ್ನು ಕಡೆಗೆ ಯಾರು ತೆರುವರೆಂಬುದನ್ನು, ಈ ವ್ಯಾಪಾರದ ಮುಂದೆಯೂ ಇಟ್ಟು ನೋಡಬಹುದಾಗಿದೆ.

ತುಳುವರ ನುಡಿಯಲ್ಲಿ ಕಣ್ಣಿಗೆ ಕಾಣುವ ಇರವು ‘ಜೋಗ’, ಕಾಣದ ಇರವು ‘ಮಾಯ’. ಇಲ್ಲಿ ಮಾಯವೆಂದರೆ ವೇದಾಂತಿಗಳ ಮಾಯೆಯಲ್ಲ, ಸುಳ್ಳೂ ಅಲ್ಲ. ಅದು ಇದರ ಪಕ್ಕದಲ್ಲಿಯೇ ಇರುವ ಇನ್ನೊಂದು ವಠಾರ. ಪಾಡ್ದನಗಳ ವೀರರು ಸಾಯುವುದಕ್ಕಿಂತ ಹೆಚ್ಚಾಗಿ ‘ಮಾಯ’ವಾಗುತ್ತಾರೆ, ನೇಮದ ರಾತ್ರಿ ಪಾತ್ರಿಯ ಮೈಮೇಲೆ ಜೋಗಕ್ಕೆ ಬಂದು, ಊರವರ ವ್ಯಾಜ್ಯ ಕೇಳಿ, ತಮಗೆ ಸಲ್ಲಬೇಕಾದುದನ್ನು ಕೇಳಿ ಪಡೆದು ಹಿಂದಿರುಗುತ್ತಾರೆ. ಸಾಮಾನ್ಯರ ಮನೆಯ ಸತ್ತವರೂ ಆ ವಠಾರದವರೇ. ಅವರಿಗೆ ‘ಕುಲೆ’ಗಳೆಂದು ಹೆಸರು.

ಆಟಿ ತಿಂಗಳಲ್ಲಿ, ಎಂದರೆ ಜುಲಾಯಿ ನಡುವಿನಿಂದ ಆಗೋಸ್ತು ನಡುವಿನ ತನಕ ಮಳೆ ಹಿಡಿದು ಕುಳಿತಿರುವಾಗ, ಕುಲೆಗಳಿಗೆ ಬಡಿಸುವ ಪದ್ಧತಿಯುಂಟು. ಕಾಪುವಿನ ಕಡಲಿಗೆ ಹತ್ತಿರದ ಒಂದು ಮನೆಯಲ್ಲಿ ಇದು ತಪ್ಪಿದ ವರ್ಷವಿಲ್ಲ. ಮನೆಯ ಅಜ್ಜಿಯು ಒಳಕೋಣೆಯಲ್ಲಿ ಸಾಲಾಗಿ ಬಾಳೆಲೆ ಹಾಕಿಸಿ, ರೊಟ್ಟಿ, ಕೋಳಿ ಸಾರು, ಪತ್ರೊಡೆಗಳನ್ನು ಬಡಿಸಿ, ಬೀಡಿಯ ಚಟವಿದ್ದವರ ಎಲೆಯ ಬದಿಯಲ್ಲಿ ಮರೆಯದೆ ಬೀಡಿಯಿಟ್ಟು, ದೀಪ ಹಚ್ಚಿ, ಬಾಗಿಲೆಳೆದು ಹೊರಗೆ ಬರುವರು. ಉಣ್ಣುವವರಿಗೆ ಸಾಕಷ್ಟು ಹೊತ್ತು ಕೊಟ್ಟು, ಕದ ತಟ್ಟಿ, ಮತ್ತೆ ಒಳಹೋಗುವರು. ಅನಂತರವೇ ಮನೆಯವರ ಊಟ.

ಮೊಮ್ಮಗನು ಮಣಿಪಾಲದ ಕಾಲೇಜಿನಲ್ಲಿ ಯಂತ್ರಶಾಸ್ತ್ರ ಓದುತ್ತಿರುವವನು. ಒಂದು ವರ್ಷ ಅವನು ಅಡುಗೆಯ ಸಣ್ಣ ತಕ್ಕಡಿಯೊಂದನ್ನು ಜತೆಗೆ ತಂದು, ಬಡಿಸಿದ ಎಲೆಯೊಂದನ್ನು ಬಾಗಿಲು ಮುಚ್ಚುವ ಮೊದಲು ತೂಗಿ, ತೆರೆದ ಮೇಲೆ ಪುನಃ ತೂಗಿದನು. 12 ಗ್ರಾಮು ಕಡಿಮೆಯಾಗಿತ್ತು. ತಮ್ಮಂದಿರು ತಂಗಿಯಂದಿರೆಲ್ಲ ಉಸಿರು ಬಿಗಿಹಿಡಿದರು. ಅವನು ನಕ್ಕು, ಬಿಸಿ ಸಾರಿನ ಹಬೆ ಆರಿದ ಲೆಕ್ಕವದು ಎಂದು ಅವರಿಗೆ ವಿವರಿಸಿದನು. ಅಜ್ಜಿ ಸಿಟ್ಟಾಗಲಿಲ್ಲ.

“ತೂಕ ನೋಡುವುದಾದರೆ ಉಡುಪಿಗೆ ಹೋಗು ಮಗಾ, ಅಲ್ಲಿ ದೇವರಿಗೆ ತಕ್ಕಡಿಯೇ ಉಂಟು. ಇಲ್ಲಿಯವರು ತೂಕದವರಲ್ಲ.”

“ಹಾಗಾದರೆ ಅವರು ಕೊಂಡೊಯ್ಯುವುದೇನು ಅಜ್ಜಿ?”

“ನೀನು ಊರಿಗೆ ಬಂದು ಹೋದ ಮೇಲೆ ಇಲ್ಲಿಂದ ಏನು ಕಡಿಮೆಯಾಗುತ್ತದೆ ಹೇಳು. ಅದೇ.”

ಈ ಉತ್ತರದಲ್ಲಿ ತರ್ಕವಿಲ್ಲವೆಂದು ಹುಡುಗನು ವಾದಿಸಬಹುದಾಗಿತ್ತು, ವಾದಿಸಲಿಲ್ಲ. ಅಜ್ಜಿ ಹೇಳಿದ ಉಡುಪಿಯ ತಕ್ಕಡಿ ತುಲಾಭಾರದ್ದು. ಒಂದು ತಟ್ಟೆಯಲ್ಲಿ ಮನುಷ್ಯ, ಇನ್ನೊಂದರಲ್ಲಿ ಬೆಲ್ಲವೋ ಅಕ್ಕಿಯೋ ನಾಣ್ಯವೋ. ಲೋಕಗಳ ನಡುವಣ ವ್ಯಾಪಾರದಲ್ಲಿ ಇಷ್ಟು ನೇರವಾದ ಅಳತೆ ಇನ್ನೊಂದಿಲ್ಲ. ಆದರೂ ಕೊಟ್ಟದ್ದು ತಟ್ಟೆಯಲ್ಲಿದ್ದ ದೇಹದ ಬೆಲೆಯೆಂದು ಯಾರೂ ತಿಳಿಯುವುದಿಲ್ಲ. ಬೆಲೆಯ ವಿಚಾರದಲ್ಲಿ ಉಡುಪಿಯ ಮೂಲಕಥೆಯೇ ವಿಚಿತ್ರವಾದುದು. ದ್ವಾರಕೆಯ ಕಡೆಯಿಂದ ಬಂದ ಹಡಗು ಮಲ್ಪೆಯ ಕಡಲಿನಲ್ಲಿ ಬಿರುಗಾಳಿಗೆ ಸಿಕ್ಕಿದಾಗ ಮಧ್ವಾಚಾರ್ಯರು ಬಟ್ಟೆ ಬೀಸಿ ಅದನ್ನು ಉಳಿಸಿದರೆಂದೂ, ನಾವಿಕನು ಹಡಗಿನಲ್ಲಿದ್ದ ಬೇಕಾದ ಸರಕನ್ನು ತೆಗೆದುಕೊಳ್ಳಿರೆಂದಾಗ, ಭಾರಕ್ಕೆಂದು ಹಾಕಿದ್ದ ಗೋಪೀಚಂದನದ ಹೆಂಟೆಯನ್ನು ಕೇಳಿದರೆಂದೂ, ಅದರೊಳಗೆ ಕೃಷ್ಣನ ವಿಗ್ರಹವಿತ್ತೆಂದೂ ಐತಿಹ್ಯ. ನಾವಿಕನು ಅಂದು ತಾನು ಬಹಳ ಅಗ್ಗದಲ್ಲಿ ಪಾರಾದೆನೆಂದುಕೊಂಡಿರಬೇಕು!

ಈ ವ್ಯಾಪಾರದ ಮೊದಲನೆಯ ಕಟ್ಟಳೆಯನ್ನು ಕನ್ನಡನಾಡಿನ ಹಲವು ಕಡೆ ಹೇಳುವ ಕೆರೆಯ ಕಥೆಯಲ್ಲಿ ಕಾಣಬಹುದು. ಮದುವೆಯ ಮನೆಯಲ್ಲಿ ಪಾತ್ರೆಗಳಿಗೆ ಕೊರತೆಯಾದರೆ ಬಡವರು ಮುನ್ನಾದಿನ ಕೆರೆಯ ದಂಡೆಯಲ್ಲಿ ನಿಂತು ಕೇಳಿಕೊಳ್ಳುತ್ತಿದ್ದರು. ಬೆಳಗಾಗುವಾಗ ಕೊಪ್ಪರಿಗೆ, ಹಂಡೆ, ಸೌಟುಗಳು ದಡದಲ್ಲಿರುತ್ತಿದ್ದವು. ಕೆಲಸ ಮುಗಿದ ಮೇಲೆ ತೊಳೆದು ಮರಳಿಸಬೇಕು. ಒಮ್ಮೆ ಒಬ್ಬನು ಒಂದು ಪಾತ್ರೆಯನ್ನು ಉಳಿಸಿಕೊಂಡನು. ಅಂದಿನಿಂದ ಕೆರೆ ಏನನ್ನೂ ಕೊಡಲಿಲ್ಲ. ಇದು ಇಲ್ಲಿಯ ಜನರ ಕಲ್ಪನೆ ಮಾತ್ರವೆಂದು ತಿಳಿಯಬೇಕಾಗಿಲ್ಲ. ಇಂಗ್ಲೆಂಡಿನ ಸರ್ರೇ ಪ್ರಾಂತದ ಫ್ರೆನ್ಷಮ್ ಗ್ರಾಮದ ಇಗರ್ಜಿಯಲ್ಲಿ ದೊಡ್ಡದೊಂದು ಕೊಪ್ಪರಿಗೆಯುಂಟು. ಹತ್ತಿರದ ಗುಡ್ಡದ ಯಕ್ಷಿಣಿಗಳಿಂದ ಎರವಲು ತಂದು ಹೇಳಿದ ದಿನಕ್ಕೆ ಹಿಂದಿರುಗಿಸದೆ ಹೋದದ್ದೇ ಅದು, ಆ ಮೇಲೆ ಅಲ್ಲಿ ಎರವಲೇ ಹುಟ್ಟಲಿಲ್ಲ ಎಂಬ ಜನರ ಮಾತನ್ನು ಹದಿನೇಳನೆಯ ಶತಮಾನದ ಜಾನ್ ಆಬ್ರಿಯು ಬರೆದಿಟ್ಟಿರುವನು. ಅದಕ್ಕೂ ಎಷ್ಟೋ ಹಿಂದೆ ಗ್ರೀಕರ ಹೆರೊಡೋಟಸನು ಕಾರ್ಥೇಜಿನ ವರ್ತಕರ ವಿಷಯವನ್ನು ಹೇಳುವಾಗ ಇಂತಹುದನ್ನೇ ವರ್ಣಿಸುತ್ತಾನೆ: ಆಫ್ರಿಕದ ತೀರದಲ್ಲಿ ಸರಕನ್ನು ಇಳಿಸಿ, ಹೊಗೆಯೆಬ್ಬಿಸಿ, ಹಡಗಿಗೆ ಹಿಂದಿರುಗುವರು, ಆ ನಾಡಿನವರು ಬಂದು ಚಿನ್ನವಿಟ್ಟು ದೂರ ಸರಿಯುವರು, ಸಾಲದಿದ್ದರೆ ಇವರು ಸುಮ್ಮನೆ ಕಾಯುವರು, ಅವರು ಇನ್ನಷ್ಟು ಸೇರಿಸುವರು. ಬೆಲೆ ಸರಿಯಾಗುವ ತನಕ ಇವರು ಚಿನ್ನವನ್ನು ಮುಟ್ಟರು, ಇವರು ಚಿನ್ನವನ್ನೆತ್ತುವ ತನಕ ಅವರು ಸರಕನ್ನು ಮುಟ್ಟರು. ಒಬ್ಬರ ಮುಖವನ್ನು ಒಬ್ಬರು ಕಾಣದವರ ನಡುವೆ ಮೋಸವಿಲ್ಲದ ವ್ಯವಹಾರ! ಮುಖ ನೋಡಿ ಮಾಡುವ ವ್ಯಾಪಾರಗಳು ಎಷ್ಟು ಸಾಚಾ ಎಂಬುದನ್ನು ವಾಚಕರು ಬಲ್ಲರು.

ಮಾಯದಿಂದ ಜೋಗಕ್ಕೆ ಆಮದಾಗಿ, ಇಂದಿಗೂ ಪೇಟೆಯಲ್ಲಿ ಕೊಳ್ಳಬಹುದಾದ ವಸ್ತುವನ್ನು ಹೇಳಬೇಕಾದರೆ ಮಟ್ಟುಗುಳ್ಳವನ್ನೇ ಹೇಳಬೇಕು. ಕಾಪು ತಾಲೂಕಿನ ಮಟ್ಟು ಗ್ರಾಮದ ಈ ಉರುಟು ಬದನೆಯ ಬೀಜವನ್ನು ವಾದಿರಾಜ ಸ್ವಾಮಿಗಳು ಕೊಟ್ಟರೆಂದು ಪ್ರತೀತಿ. ಸ್ವಾಮಿಗಳು ಕಡಲೆ, ಬೆಲ್ಲಗಳಿಂದ ಮಾಡಿದ ಮಡ್ಡಿಯನ್ನು ತಲೆಯ ಮೇಲೆ ಹರಿವಾಣದಲ್ಲಿಟ್ಟು ಕುಳಿತರೆ, ಹಯಗ್ರೀವ ದೇವರು ಕುದುರೆಯ ರೂಪದಲ್ಲಿ ಬಂದು, ಅವರ ಹೆಗಲ ಮೇಲೆ ಮುಂಗಾಲುಗಳನ್ನಿಟ್ಟು ತಿಂದು, ಸ್ವಲ್ಪವನ್ನು ಅವರಿಗಾಗಿ ಉಳಿಸಿ ಹೋಗುತ್ತಿತ್ತು. ಒಂದು ದಿನ ಹರಿವಾಣದಲ್ಲಿ ಏನೂ ಉಳಿಯಲಿಲ್ಲ. ದ್ವೇಷಿಗಳು ಅದರಲ್ಲಿ ವಿಷ ಬೆರೆಸಿದ್ದರು; ದೇವರು ಅಷ್ಟನ್ನೂ ತಾನೇ ತಿಂದು ನೀಲಿಯಾಯಿತು. ಆ ವಿಷವಿಳಿದದ್ದು ಮಟ್ಟುವಿನ ಗುಳ್ಳದ ನೈವೇದ್ಯದಿಂದ. ಈ ಕಥೆಯ ರುಚಿಯಿರುವುದು ಆ ‘ಸ್ವಲ್ಪ ಉಳಿಸಿ ಹೋಗುವ’ ಮಾತಿನಲ್ಲಿ. ಪ್ರಸಾದವೆಂದರೆ ಬೇರೇನು? ಕೊಟ್ಟದ್ದರಲ್ಲಿ ಮರಳಿ ಬಂದ ಪಾಲು. ಪಾಲು ಮರಳದ ದಿನವೇ ಏನೋ ಕೆಟ್ಟಿದೆಯೆಂಬ ಗುರುತು. ಗುಳ್ಳವಂತೂ ಈಗ ಸರಕಾರದ ಭೌಗೋಳಿಕ ಸೂಚಿಯ ಮುದ್ರೆಯನ್ನು ಪಡೆದು, ಬೇರೆ ಊರಿನ ಬದನೆಗಳು ತನ್ನ ಹೆಸರನ್ನು ಕದಿಯದಂತೆ ನೋಡಿಕೊಳ್ಳುತ್ತಿದೆ.

ಮಾಯದ ಬೇಡಿಕೆಯು ಜೋಗದ ಪೇಟೆಯನ್ನು ಹೇಗೆ ಆಳುವುದೆಂಬುದಕ್ಕೆ ಶಂಕರಪುರದ ಮಲ್ಲಿಗೆಯನ್ನು ನೋಡಬೇಕು. ಅಲ್ಲಿ ಹೂವಿನ ಲೆಕ್ಕವೇ ಬೇರೆ: 800 ಹೂವಿಗೆ ಒಂದು ಚೆಂಡು, 4 ಚೆಂಡಿಗೆ ಒಂದು ಅಟ್ಟೆ. ದರ ದಿನದಿನಕ್ಕೆ ಕಟ್ಟುವುದು. ನೇಮ, ನಾಗಾರಾಧನೆ, ಮದುವೆಗಳು ಒಟ್ಟಿಗೆ ಬಂದ ದಿನ ಅಟ್ಟೆಯ ದರ ಎಲ್ಲಿಗೋ ಏರುವುದು. ಆಟಿಯ ಜಡಿಮಳೆಯಲ್ಲಿ ಇಳಿಯುವುದು. ಕಾಪುವಿನ ಮಾರಿಗುಡಿಗಳಲ್ಲಿ ಸುಗ್ಗಿ, ಆಟಿ, ಜಾರ್ದೆ ಎಂದು ವರ್ಷಕ್ಕೆ ಮೂರು ಸಲ ಮಾರಿಪೂಜೆ ನಡೆಯುವಾಗ ಅಮ್ಮನಿಗೆ ಏರುವ ಮಲ್ಲಿಗೆಯ ರಾಶಿಯನ್ನು ಕಂಡವರಿಗೆ, ಆ ಹೂವನ್ನು ಬೆಳಗಿನ ಚಳಿಯಲ್ಲಿ ಬಿಡಿಸಿ, ಬಾಳೆಯ ನಾರಿನಲ್ಲಿ ಕಟ್ಟಿದ ಕೈಗಳು ನೆನಪಾಗುವುದಿಲ್ಲ. ಅವು ಮನೆಮನೆಯ ಹೆಂಗಸರ ಕೈಗಳು. ಹಿತ್ತಲಿನ ಹತ್ತಿಪ್ಪತ್ತು ಗಿಡಗಳಿಂದ ಮಕ್ಕಳ ಶಾಲೆಯ ಫೀಸು ಹುಟ್ಟಿಸಿದವರು ಆ ಕಡೆ ಬಹಳ ಮಂದಿ. ಅವರಲ್ಲಿ ಅನೇಕರು ಕ್ರೈಸ್ತರು. ಅವರ ಹೂವು ಭೂತಕ್ಕೂ ಮಾರಿಗೂ ಏರುವುದಕ್ಕೆ ಎರಡು ಕಡೆಯಿಂದಲೂ ಆಕ್ಷೇಪವಿಲ್ಲ. ವ್ಯಾಪಾರಕ್ಕೆ ಇಷ್ಟಾದರೂ ಪುಣ್ಯವಿರಬೇಡವೆ?

ಹನಿ ಹನಿಯಾಗಿ ಕೂಡಿಸುವ ಅಭ್ಯಾಸವು ಈ ನಾಡಿಗೆ ಹರಕೆಯ ಮುಡಿಪಿನಿಂದಲೇ ಬಂದಿರಬೇಕೆಂದು ತೋರುತ್ತದೆ. 1925ರಲ್ಲಿ ಉಡುಪಿಯಲ್ಲಿ ಹುಟ್ಟಿದ ಕೆನರಾ ಇಂಡಸ್ಟ್ರಿಯಲ್ ಅಂಡ್ ಬ್ಯಾಂಕಿಂಗ್ ಸಿಂಡಿಕೇಟು 1928ರಲ್ಲಿ ಪಿಗ್ಮಿ ಠೇವಣಿಯನ್ನು ಆರಂಭಿಸಿ, ಮನೆಬಾಗಿಲಿಗೆ ಹೋಗಿ ದಿನಕ್ಕೆ ಎರಡಾಣೆಯಂತೆ ಕೂಡಿಸತೊಡಗಿದಾಗ, ಕಾಣದ ಖಾತೆಗೆ ಚಿಲ್ಲರೆ ಹಾಕುವುದು ಜನಕ್ಕೆ ಹೊಸತಾಗಿರಲಿಲ್ಲ. ಸಿಂಡಿಕೇಟ್ ಬ್ಯಾಂಕೆಂದು ಹೆಸರಾದ ಆ ಸಂಸ್ಥೆಯು 2020ರಲ್ಲಿ ಕೆನರಾ ಬ್ಯಾಂಕಿನಲ್ಲಿ ಲೀನವಾಗಿ ತಾನೂ ಮಾಯಕ್ಕೆ ಸಂದಿತು. ಖಾತೆಗಳು ಮಾತ್ರ ಜೋಗದಲ್ಲಿಯೇ ಉಳಿದವು.

ಮೇಲೆ ಹೇಳಿದ ಕಾಪುವಿನ ಮನೆಯಲ್ಲಿ ಇನ್ನೊಂದು ಖಾತೆ ಬಾಕಿಯಿತ್ತು. ಅಜ್ಜಿಯ ಮೊದಲ ಮಗಳು ಮೂರು ತಿಂಗಳ ಶಿಶುವಾಗಿದ್ದಾಗ ತೀರಿಕೊಂಡಿದ್ದಳು. ಮಾಯದಲ್ಲಿಯೂ ವಯಸ್ಸು ಬೆಳೆಯುತ್ತದೆ, ಬೆಳೆದವರಿಗೆ ಮದುವೆಯಾಗಬೇಕು, ಆಗದಿದ್ದರೆ ಮನೆಯ ಜೀವಂತ ಮಕ್ಕಳ ಮದುವೆಗೆ ಅಡ್ಡಿ ಬರುತ್ತದೆಂದು ನಂಬಿಕೆ. ಇದಕ್ಕಾಗಿ ಮಾಡುವುದು ಕುಲೆ ಮದುವೆ. ಅದೇ ರೀತಿ ಎಳವೆಯಲ್ಲಿ ತೀರಿಹೋದ ಗಂಡನ್ನು ಹುಡುಕಿ, ಜಾತಿ ಬಳಿಗಳನ್ನು ನೋಡಿ, ನಿಶ್ಚಿತಾರ್ಥವನ್ನೂ ಧಾರೆಯನ್ನೂ ಬಿಡದೆ ನಡೆಸುವುದು. ಇದು ಅಳಿದುಹೋದ ಆಚಾರವಲ್ಲ. 2024ರಲ್ಲಿ ಪುತ್ತೂರಿನ ಕಡೆಯ ಕುಟುಂಬವೊಂದು, ಮೂವತ್ತು ವರ್ಷಗಳ ಹಿಂದೆ ತೀರಿಕೊಂಡ ಮಗಳಿಗೆ ಅಂತಹುದೇ ವರನು ಬೇಕಾಗಿದ್ದಾನೆಂದು ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟುದನ್ನು ದೇಶವೆಲ್ಲ ಓದಿತು. ಕೆಲವರು ನಕ್ಕರು.

ಕಾಪುವಿನ ಮನೆಯಲ್ಲಿ ಖರ್ಚಿನ ಪಟ್ಟಿ ಬರೆಯುವ ಕೆಲಸ ಮಣಿಪಾಲದ ಮೊಮ್ಮಗನಿಗೆ ಬಂದಿತು. ಸೀರೆ, ರವಿಕೆ, ಬಳೆ, ಕರಿಮಣಿ, ಹೂವು, ಎರಡು ಮನೆಯವರ ಊಟದ ಅಕ್ಕಿ. ಬರೆಯುತ್ತ ಬರೆಯುತ್ತ ಅವನು, ಪಟ್ಟಿಯಲ್ಲಿ ಹೋಗುವುದೇ ಕಾಣುತ್ತದಲ್ಲದೆ ಬರುವುದೇನೂ ಇಲ್ಲವಲ್ಲ ಎಂದನು. ಅವನ ತಂದೆಯ ಅಸಮಾಧಾನವೂ ಅದೇ ಆಗಿತ್ತು. ಆ ವರ್ಷ ಮನೆಯ ಮಾಡಿನ ಹಂಚು ಬದಲಿಸಬೇಕಾಗಿತ್ತು. ಅಜ್ಜಿ ಪಟ್ಟಿಯಿಂದ ಏನನ್ನೂ ತೆಗೆಸಲಿಲ್ಲ. ರವಿಕೆಯ ಅಳತೆಯನ್ನು ದರ್ಜಿಗೆ ಏನೆಂದು ಹೇಳಲಿ ಎಂಬ ಒಂದೇ ಪ್ರಶ್ನೆಗೆ ಆಕೆ ಬಹಳ ಹೊತ್ತು ಯೋಚಿಸಿ, ಎರಡನೆಯ ಮಗಳ ಅಳತೆಯನ್ನೇ ಕೊಡಲು ಹೇಳಿ, “ಸ್ವಲ್ಪ ಉದ್ದ ಹಿಡಿಯಲಿ, ಅವಳು ತಂದೆಯ ಹಾಗೆ,” ಎಂದರು. ಮೂರು ತಿಂಗಳ ಶಿಶುವಿನ ಎತ್ತರವನ್ನು ಮೂವತ್ತು ವರ್ಷ ಮನಸ್ಸಿನಲ್ಲಿಯೇ ಬೆಳೆಸುತ್ತ ಬಂದವಳ ಮುಂದೆ ಹುಡುಗನ ಪೆನ್ನು ನಿಂತಿತು. ಮದುವೆಯಾಯಿತು, ಮಾಡು ಮುಂದಿನ ಮಳೆಗೂ ಸೋರಿತು. ಬಂದದ್ದೇನೆಂದರೆ, ಕಾರ್ಕಳದ ಕಡೆಯ ಆ ಗಂಡಿನ ಮನೆಯವರು ಈಗ ನಿಜವಾದ ಬೀಗರು. ಹಬ್ಬಕ್ಕೆ ಬರುವರು, ಕಾಯಿಲೆಗೆ ವಿಚಾರಿಸುವರು. ಮಾಯದಿಂದ ಇಷ್ಟು ಜೀವಂತವಾದ ಸರಕನ್ನು ತರಿಸುವ ಯಂತ್ರವು ಅಸಿಮೋವನಿಗೂ ಹೊಳೆದಿರಲಿಲ್ಲ.

ಕಾರ್ಕಳದ ಹೆಸರು ಬಂದ ಮೇಲೆ ಕಲ್ಕುಡನನ್ನು ಬಿಡುವಂತಿಲ್ಲ. ಬೆಟ್ಟದ ಮೇಲಿನ 42 ಅಡಿಯ ಗೊಮ್ಮಟನು 1432ರಲ್ಲಿ ವೀರಪಾಂಡ್ಯನ ಕಾಲದಲ್ಲಿ ನಿಂತವನೆಂದು ಶಾಸನವು ಹೇಳುತ್ತದೆ. ಪಾಡ್ದನವು ಹೇಳುವುದು ಶಿಲ್ಪಿಯ ಪಾಡನ್ನು. ಬೀರ ಕಲ್ಕುಡನು ಗೊಮ್ಮಟನನ್ನು ಕಡೆದು ಮುಗಿಸಿದಾಗ, ಇಂತಹುದನ್ನು ಇನ್ನೆಲ್ಲಿಯೂ ಮಾಡಬಾರದೆಂದು ಅರಸನು ಅವನ ಒಂದು ಕೈ, ಒಂದು ಕಾಲನ್ನು ಕಡಿಸಿದನು. ಕಲ್ಕುಡನು ವೇಣೂರಿಗೆ ಹೋಗಿ ಉಳಿದ ಕೈಕಾಲಿನಿಂದಲೇ ಇನ್ನೊಬ್ಬ ಗೊಮ್ಮಟನನ್ನು ಮಾಡಿದನು. ವೇಣೂರಿನ ಗೊಮ್ಮಟನ ಕಾಲ 1604. ನಡುವೆ 172 ವರ್ಷಗಳ ಅಂತರವಿರುವುದರಿಂದ ಒಬ್ಬನೇ ಶಿಲ್ಪಿಯ ಕೆಲಸವಾಗಲಾರದೆಂದು ಚರಿತ್ರಕಾರರು ಆಕ್ಷೇಪಿಸಬಹುದು. ಆಕ್ಷೇಪ ಸರಿಯೇ. ಆದರೆ ಪಾಡ್ದನದ ಲೆಕ್ಕ ಇಸವಿಯದಲ್ಲ, ಕೂಲಿಯದು. ಅಣ್ಣನ ಅವಸ್ಥೆಯನ್ನು ಕಂಡ ತಂಗಿ ಕಲ್ಲುರ್ಟಿಯೂ ಅಣ್ಣನೂ ಮಾಯವಾದರು. ಜೋಗದಲ್ಲಿ ಕೇಳಲಾಗದ ಬಾಕಿಯನ್ನು ಮಾಯದಿಂದ ಕೇಳಿದರು. ಅರಸನಿಗೆ ನೆಮ್ಮದಿ ತಪ್ಪಿತು. ಅವರಿಗೆ ಸ್ಥಾನ ಕೊಟ್ಟು ನೇಮ ಕಟ್ಟಿದಾಗಲೇ ಕಾಟ ನಿಂತಿತು. ಬರ್ನೆಲ್ ಸಾಹೇಬನು ಕೂಡಿಸಿದ ಪಾಡ್ದನಗಳು ಅವನ ಮರಣಾನಂತರ 1894ರಿಂದ ‘ಇಂಡಿಯನ್ ಆಂಟಿಕ್ವರಿ’ಯಲ್ಲಿ ಅಚ್ಚಾದಾಗ ಈ ಕಥೆಯೂ ಅಚ್ಚಾಯಿತು. ಸಾಹೇಬನ ಲೇಖನಮಾಲೆಗೆ ಪಿಶಾಚಾರಾಧನೆಯೆಂಬ ಅರ್ಥದ ಹೆಸರು. ಕೂಲಿ ಕೇಳುವವನು ಪಿಶಾಚಿಯಂತೆ ಕಾಣುವುದು ಅರಮನೆಗೆ ಮಾತ್ರವಲ್ಲವೆಂದು ತಿಳಿಯಬೇಕು.

ಇದು ವ್ಯಾಪಾರದ ಬೆಳಕಿನ ಮುಖ. ಸರಕುಗಳಲ್ಲಿ ಬೇಕಾದವೂ ಇರುವಂತೆ ಬೇಡಾದವೂ ಇರುವವು. ಅವನ್ನು ದಾಟಿಸುವುದೂ ಒಂದು ವ್ಯಾಪಾರವೇ. ಆಟಿಯ ಮಳೆಯಲ್ಲಿ ಓಲೆಯ ಕೊಡೆ ಹಿಡಿದು, ತೆಂಬರೆಯ ದನಿಗೆ ಕುಣಿಯುತ್ತ ಬರುವ ಕಳೆಂಜನಿಗೆ ಮನೆಯವರು ಅಕ್ಕಿ, ತೆಂಗಿನಕಾಯಿ, ಅರಸಿನ, ಮೆಣಸು, ಮಸಿಗಳನ್ನು ಕೊಡುವರು. ಅವನು ಊರಿನ ರೋಗರುಜಿನಗಳನ್ನು ಕೊಂಡೊಯ್ಯುವನು. ಸಿಡುಬು ಆಮಶಂಕೆಗಳ ಕಾಲದಲ್ಲಿ ಮಾರಿಯನ್ನು ಊರ ಗಡಿ ದಾಟಿಸುತ್ತಿದ್ದುದೂ ಹೀಗೆಯೇ. ಗಡಿಯಾಚೆ ಇನ್ನೊಂದು ಊರುಂಟೆಂಬುದನ್ನು ಆಗ ಯಾರೂ ಎಣಿಸುತ್ತಿರಲಿಲ್ಲ. ಕಳೆಂಜನ ಹೆಗಲಿಗೆ ಹೋಗುವ ಹೊರೆಯಾದರೂ ಹಾಡಿನಲ್ಲಿ ಹಗುರವಾಗುವುದೆಂದು ಇಟ್ಟುಕೊಳ್ಳೋಣ. ಅಜಲಿನ ಹೊರೆಯು ಹಾಗಲ್ಲ. ಮೇಲಿನವರ ಮನೆಯ ಅನಿಷ್ಟ ಕಳೆಯಲೆಂದು ಅವರ ಕೂದಲು ಉಗುರುಗಳನ್ನು ಅನ್ನಕ್ಕೆ ಬೆರೆಸಿ, ಕೊರಗರನ್ನು ಕರೆಸಿ ಉಣ್ಣಿಸುವ ಪದ್ಧತಿ ಈ ಜಿಲ್ಲೆಗಳಲ್ಲಿತ್ತು. ಕಾಣದ ಲೋಕದಿಂದ ಬಂದೀತೆಂಬ ಕೇಡನ್ನು ಕಾಣುವ ಒಬ್ಬ ಮನುಷ್ಯನ ಹೊಟ್ಟೆಗೆ ಸಾಗಿಸಿ, ಕೈ ತೊಳೆದುಕೊಳ್ಳುವ ಉಪಾಯ! ಇಲ್ಲಿ ಮರಳುವ ಪಾಲಿಲ್ಲ, ಕಾಯುವ ದಡವಿಲ್ಲ, ಒಪ್ಪಿಗೆಯಿಲ್ಲ. ಅಸಿಮೋವನ ಕಥೆಯಲ್ಲಿ ಸೂರ್ಯನು ಸಿಡಿಯುವ ಭಯವಾದರೂ ಎಲ್ಲರಿಗೂ ಒಂದೇ ಆಗಿತ್ತು. ಇಲ್ಲಿ ನಷ್ಟವೆಲ್ಲ ಒಂದೇ ಜನದ ಪಾಲಿಗೆ. ಅದನ್ನು ಸಂಪ್ರದಾಯವೆಂದು ಕರೆದವರು ವಿದ್ಯಾವಂತರಲ್ಲಿಯೂ ಇದ್ದರು. ಕೊರಗರೇ ಎದ್ದು ಬೇಡವೆಂದರು. 2000ದಲ್ಲಿ ಕರ್ನಾಟಕ ಸರಕಾರವು ಅಜಲು ಪದ್ಧತಿಯನ್ನು ನಿಷೇಧಿಸುವ ಶಾಸನವನ್ನೇ ಮಾಡಬೇಕಾಯಿತು.

ಇದೇ ಕೊರಗ ಜನದ ತನಿಯನೆಂಬ ಹುಡುಗನು, ದೇವಸ್ಥಾನಕ್ಕೆ ಹೊರೆ ಹೊತ್ತು ತಂದಾಗ ಅಂಗಣದ ಹೊರಗೆ ತಡೆಯಲ್ಪಟ್ಟು, ಅಲ್ಲಿಯೇ ಮಾಯಕ್ಕೆ ಸಂದನೆಂದು ಹೇಳುವರು. ಈಗ ಅವನು ಕೊರಗಜ್ಜ. ಕಾಪು, ಉಡುಪಿ, ಕಾರ್ಕಳಗಳ ದಾರಿಬದಿಗಳಲ್ಲಿಯೂ ಅವನ ಕಟ್ಟೆಗಳಿರುವವು. ಬಂಗಾರ ಕಳೆದುಹೋದವರು, ದನ ತಪ್ಪಿಸಿಕೊಂಡವರು, ಕಾಗದಪತ್ರ ಕಾಣದಾದವರು, ಎಲ್ಲ ಜಾತಿಯವರೂ ಅವನಿಗೆ ಹೇಳಿಕೊಳ್ಳುವರು. ವಸ್ತು ಸಿಕ್ಕಿದರೆ ಸಲ್ಲಿಸಬೇಕಾದುದು ಚಕ್ಕುಲಿ, ಎಲೆಯಡಿಕೆ, ಸ್ವಲ್ಪ ಕಳ್ಳು, ಇಷ್ಟೇ. ಹರಕೆ ಹೊತ್ತವರು ಸಂಜೆಯ ಹೊತ್ತಿಗೆ ಚಕ್ಕುಲಿಯ ಪೊಟ್ಟಣ ಹಿಡಿದು, ಕಟ್ಟೆಯ ಹೊರಗೆ ಚಪ್ಪಲಿ ಬಿಟ್ಟು, ತಮ್ಮ ಸರದಿಗಾಗಿ ಕಾದು ನಿಲ್ಲುತ್ತಾರೆ.